ಲಗ್ನಪತ್ರಿಕೆ ಮಾಡೋಕೆ ಕ್ರ್ಯಾಕ್ ಯಾಕೆ ಬೇಕು?

ನಮ್ಮ ಕಲಬುರಗಿಯಲ್ಲಿ ಅಸೆಂಬಲ್ಡ್ ಕಂಪ್ಯೂಟರ್ ತಗೊಂಡರೆ ಫೋಟೋಶಾಪ್, ಕಾರ್ಡು-ಬ್ಯಾನರ್ ಡಿಸೈನ್ ಮಾಡುವ ಕೋರಲ್‌ಡ್ರಾ, ಎಂಎಸ್ ಆಫೀಸ್ ಎಲ್ಲಾ ಹಾಕಿಯೇ ಕೊಡುವವರು ಇದ್ದಾರೆ. ಬಿಲ್ಲಿನಲ್ಲಿ ಅವುಗಳ ಹೆಸರೇ ಇರುವುದಿಲ್ಲ. ಕೇಳಿದರೆ "ಅದೆಲ್ಲಾ ಫ್ರೀ ರೀ" ಅಂತಾರೆ. ಆ ಫ್ರೀ ಹಾಕುವ ಮುಂಚೆ ಆಂಟಿವೈರಸ್ ಆಫ್ ಮಾಡುತ್ತಾರೆ, ಯಾಕಂದ್ರೆ ಅದು ಆನ್ ಇದ್ದರೆ ಎಷ್ಟೋ ಕ್ರ್ಯಾಕ್‌ಗಳು, ಅಂದರೆ ಲೈಸೆನ್ಸಿನ ಬೀಗ ಮುರಿದ ಕದ್ದ ಕಾಪಿಗಳು, ಓಡುವುದೇ ಇಲ್ಲ. ಆಮೇಲೆ ನಮ್ಮಂಥ ಅಂಗಡಿಯವರು ಅದೇ ಕಂಪ್ಯೂಟರಿನಲ್ಲಿ ಗಿರಾಕಿಗಳ ಆಧಾರ್, ಪಹಣಿ, ಮಾರ್ಕ್ಸ್ ಕಾರ್ಡ್ ಸ್ಕ್ಯಾನ್ ಮಾಡುತ್ತೇವೆ. ಕ್ರ್ಯಾಕ್ ಜೊತೆ ವೈರಸ್ ನುಗ್ಗಿದರೆ ಆ ಕಾಗದಗಳೂ ಕಳ್ಳರ ಕೈಗೆ ಹೋಗಬಹುದು, ನನಗೆ ಕಾನೂನಿಗಿಂತ ಇದರ ಭಯವೇ ಜಾಸ್ತಿ.

ಕಾನೂನೂ ಸಣ್ಣದಲ್ಲ. 1957ರ ಕಾಪಿರೈಟ್ ಕಾಯ್ದೆಯ 63ಬಿ ಕಲಂ ಪ್ರಕಾರ, ಕದ್ದ ಕಾಪಿ ಅಂತ ಗೊತ್ತಿದ್ದೂ ಬಳಸಿದರೆ 7 ದಿನದಿಂದ 3 ವರ್ಷದವರೆಗೆ ಜೈಲು, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ. ವ್ಯಾಪಾರಕ್ಕೆ ಬಳಸದವರಿಗೆ ಕೋರ್ಟು ಜೈಲು ಬಿಟ್ಟು ದಂಡ ಮಾತ್ರ ಹಾಕಬಹುದು. ಅಂಗಡಿ ಇಟ್ಟವರು ಹಾಗೆ ಹೇಳಿಕೊಳ್ಳೋಕೆ ಬರಲ್ಲ ಅಲ್ವಾ?

"ಫೋಟೋಶಾಪ್ ಬದಲು ಏನು ಹಾಕಲಿ" ಅಂತ ಕೇಳುವವರಿಗೆ ನಾನು ಮೊದಲು ಕೇಳುವುದು, ಅದರಲ್ಲಿ ದಿನಾ ಏನು ಮಾಡುತ್ತೀರಿ ಅಂತ. ಪಾಸ್‌ಪೋರ್ಟ್ ಸೈಜ್ ಫೋಟೋ ಕತ್ತರಿಸುವುದು, ಹಿಂದಿನ ಬಣ್ಣ ಬದಲಿಸುವುದು, ಅಷ್ಟೇ ಆದರೆ ಗಿಂಪ್ ಅನ್ನೋ ಪುಕ್ಕಟೆ ಸಾಫ್ಟ್‌ವೇರ್ ಸಾಕು. ಅರ್ಜಿ, ಬಾಡಿಗೆ ಕರಾರು, ಲೆಕ್ಕದ ಶೀಟು ಆದರೆ ಎಂಎಸ್ ಆಫೀಸ್ ಬದಲು ಪುಕ್ಕಟೆ ಲಿಬ್ರೆಆಫೀಸ್. ನುಡಿ ಅನ್ನೋ ಕನ್ನಡ ಫಾಂಟಿನಲ್ಲಿ ಮಾಡಿದ ಹಳೆಯ ಫೈಲುಗಳು ಇದ್ದರೆ ಹೆದರಬೇಡಿ. ಆ ಫಾಂಟ್ ಕಂಪ್ಯೂಟರಿನಲ್ಲಿ ಇದ್ದರೆ ಲಿಬ್ರೆಆಫೀಸಿನಲ್ಲೂ ಕನ್ನಡ ಕಾಣುತ್ತದೆ, ಆದರೆ ಹೊಸದನ್ನು ಯೂನಿಕೋಡಿನಲ್ಲೇ (ಫಾಂಟ್ ಬದಲಿಸಿದರೂ ಕನ್ನಡ ಕನ್ನಡವಾಗೇ ಉಳಿಯುವ ಪದ್ಧತಿ) ಮಾಡಿ. ಫಾಂಟ್ ಕದಿಯುವುದನ್ನು ಯಾರೂ ಕಳ್ಳತನ ಅಂತ ಲೆಕ್ಕಕ್ಕೇ ಹಿಡಿಯುವುದಿಲ್ಲ, ಆದರೆ ಅದರ ಅಗತ್ಯವೂ ಇಲ್ಲ. ಬಾಲೂ ತಮ್ಮ, ಅನೇಕ್ ಕನ್ನಡ, ನೋಟೋ ಸೆರಿಫ್ ಕನ್ನಡ ಇವೆಲ್ಲಾ ಗೂಗಲ್ ಫಾಂಟ್ಸ್‌ನಲ್ಲಿ ಪುಕ್ಕಟೆ ಸಿಗುತ್ತವೆ, ಅಂಗಡಿ ಕೆಲಸಕ್ಕೂ ಬಳಸಬಹುದು.

ನಿಜವಾದ ತಕರಾರು ಕೋರಲ್‌ಡ್ರಾದ್ದು. ಅದರ ಬದಲಿಗೆ ಪುಕ್ಕಟೆ ಸಿಗುವ ಇಂಕ್‌ಸ್ಕೇಪ್‌ನಲ್ಲಿ ಲಗ್ನಪತ್ರಿಕೆ, ಬ್ಯಾನರ್ ಆರಾಮಾಗಿ ಮಾಡಬಹುದು, ಒತ್ತಕ್ಷರವೂ ಒಡೆಯುವುದಿಲ್ಲ. ಆದರೆ ಫ್ಲೆಕ್ಸ್ ಅಂಗಡಿಯವರು "ಸಿಡಿಆರ್ ಫೈಲ್ (ಕೋರಲ್‌ಡ್ರಾದ ಫೈಲು) ಕಳಿಸ್ರಿ" ಅಂತಾರೆ, ಕಲಿಸುವ ಇನ್‌ಸ್ಟಿಟ್ಯೂಟಿನವರೂ ಕೋರಲ್ಲೇ ಕಲಿಸುತ್ತಾರೆ, ಹಂಗಾಗಿ ಒಬ್ಬರಿಗಾಗಿ ಇನ್ನೊಬ್ಬರು ಕ್ರ್ಯಾಕ್ ಇಟ್ಟುಕೊಂಡು ಕೂತಿದ್ದೇವೆ. ಇದಕ್ಕೆ ದಾರಿ ಪಿಡಿಎಫ್. ಅಕ್ಷರಗಳನ್ನೆಲ್ಲಾ ಪಾತ್ (ಬರೀ ಗೆರೆಯ ಆಕಾರ) ಮಾಡಿ, ಕೋರಲ್‌ನಲ್ಲಿ ಕರ್ವ್ ಮಾಡುತ್ತೇವಲ್ಲ ಹಾಗೇ, ಪಿಡಿಎಫ್ ಕಳಿಸಿದರೆ ಅವರ ಹತ್ತಿರ ನಿಮ್ಮ ಫಾಂಟ್ ಇಲ್ಲದಿದ್ದರೂ ನಡೆಯುತ್ತದೆ. ಬಂದ ಸಿಡಿಆರ್ ಫೈಲನ್ನು ಇಂಕ್‌ಸ್ಕೇಪ್ ತೆರೆಯುತ್ತದೆ, ಆದರೆ ಕೆಲವು ಸಲ ಅಲ್ಲಿ ಇಲ್ಲಿ ಕೆಡುತ್ತದೆ. ಆಫ್‌ಸೆಟ್ ಪ್ರೆಸ್ಸಿಗೆ ನಾಲ್ಕು ಬಣ್ಣದ ಪಿಡಿಎಫ್ ಬೇಕಾದರೆ ಇಂಕ್‌ಸ್ಕೇಪ್ ಸಾಲದು, ಪುಟ ಜೋಡಿಸುವ ಪುಕ್ಕಟೆ ಸಾಫ್ಟ್‌ವೇರ್ ಸ್ಕ್ರೈಬಸ್ ಬೇಕು. ಸ್ಕ್ರೈಬಸ್ ಕಲಿಯೋದು ಸ್ವಲ್ಪ ಬೇಜಾರೇ, ಸುಳ್ಳು ಯಾಕೆ ಹೇಳಲಿ.

ನಮ್ಮೂರಿನಲ್ಲಿ ಉರ್ದು ಕಾರ್ಡಿನ ಕೆಲಸವೂ ಬರುತ್ತದೆ. ಅದಕ್ಕೆ ಉರ್ದು ಟೈಪಿಂಗಿನ ಸಾಫ್ಟ್‌ವೇರ್ ಇನ್‌ಪೇಜನ್ನು ಕದ್ದು ಇಟ್ಟುಕೊಂಡವರು ನೋಟೋ ನಸ್ತಾಲಿಕ್ ಉರ್ದು ಫಾಂಟ್ ಹಾಕಿ ಲಿಬ್ರೆಆಫೀಸಿನಲ್ಲೇ ಒಂದು ಪುಟ ಮಾಡಿ ನೋಡಿ. ಸಾಲುಗಳ ನಡುವೆ ಜಾಗ ಜಾಸ್ತಿ ಬಿಡಬೇಕು, ಅಷ್ಟೇ.

ಲೆಕ್ಕ ಬರೆಯುವ ಟ್ಯಾಲಿ ವಿಷಯ ಬೇರೆ. ದಾಲ್ ಮಿಲ್ಲಿನ ಲೆಕ್ಕ ನೋಡುವ ಆಡಿಟರ್ ಟ್ಯಾಲಿಯೇ ಬೇಕು ಅಂದರೆ ಸುಮ್ನೆ ಕೊಂಡುಬಿಡಿ. ಕಲಿಯುವ ಹುಡುಗರಿಗೆ ಅದರ ಎಜುಕೇಷನಲ್ ಮೋಡ್ ಫ್ರೀ ಇದೆ, ತಿಂಗಳಿನ ಕೆಲವೇ ತಾರೀಖುಗಳಿಗೆ ಎಂಟ್ರಿ ಹಾಕಬಹುದು, ಅಭ್ಯಾಸಕ್ಕೆ ಸಾಕು. ಇನ್ನೊಂದು, ದೂರದ ಕಂಪ್ಯೂಟರ್ ನಡೆಸುವ ಟೀಮ್‌ವ್ಯೂವರ್ ತರಹದವು ಮನೆಗೆ ಮಾತ್ರ ಫ್ರೀ, ಅಂಗಡಿಗಲ್ಲ. ಲೈಸೆನ್ಸ್ ಪುಟ ಒಮ್ಮೆ ಓದಿ.

ವಿಂಡೋಸ್ 10ಕ್ಕೆ ಮೈಕ್ರೋಸಾಫ್ಟ್‌ನ ಸಾಮಾನ್ಯ ಬೆಂಬಲ 2025ರ ಅಕ್ಟೋಬರ್ 14ಕ್ಕೆ ಮುಗಿಯಿತು. ಹಳೆ ಕಂಪ್ಯೂಟರ್ ಇದ್ದವರು ವಿಂಡೋಸ್ ಬದಲು ಬಳಸಬಹುದಾದ ಪುಕ್ಕಟೆ ಲಿನಕ್ಸ್ ಮಿಂಟನ್ನು ಪೆನ್ ಡ್ರೈವ್‌ನಿಂದಲೇ ಓಡಿಸಿ ನೋಡಬಹುದು, ಇನ್‌ಸ್ಟಾಲ್ ಮಾಡಬೇಕಂತಿಲ್ಲ. ಪ್ರಿಂಟರ್ ಹಿಡಿಯಿತಾ, ಸ್ಕ್ಯಾನರ್ ಹಿಡಿಯಿತಾ, ಬೆರಳ ಗುರುತು ತೆಗೆಯುವ ಮಷೀನ್ ಹಿಡಿಯಿತಾ ನೋಡಿ. ಬೆರಳ ಗುರುತಿನದು ಹಿಡಿಯದಿದ್ದರೆ ಆ ಒಂದು ಕಂಪ್ಯೂಟರಿಗೆ ವಿಂಡೋಸ್ ಲೈಸೆನ್ಸ್ ತಗೊಳ್ಳಿ, ಉಳಿದವಕ್ಕೆ ಮಿಂಟ್ ಹಾಕಿ.