ಏಳು ಅಡಿ ಕಾಗದದ ಮೇಲೆ ಜೇ ಕುಕ್: ಐದು ತಿಂಗಳ ಕೆಲಸದ ದಾಖಲೆ

ಜೂನ್, ಮೊದಲ ವಾರ

ಬ್ಯಾಂಕಿನ ನೌಕರಿಯಿಂದ ನಿವೃತ್ತನಾದ ಮೇಲೆ ನಾನು ಹಚ್ಚಿಕೊಂಡ ಹವ್ಯಾಸ ಇದು. ಹಣಕಾಸಿನ ಚರಿತ್ರೆಯಲ್ಲಿ ಹೆಸರು ಮಾಡಿದ ಒಬ್ಬ ವ್ಯಕ್ತಿಯನ್ನು ಆರಿಸಿಕೊಂಡು, ಅವನ ಬದುಕನ್ನು ವರ್ಷಕ್ಕೆ ಒಂದು ಇಂಚಿನ ಲೆಕ್ಕದಲ್ಲಿ ಉದ್ದನೆಯ ಕಾಗದದ ಪಟ್ಟಿಯ ಮೇಲೆ ಬರೆದು ನಡುಮನೆಯ ಗೋಡೆಗೆ ಅಂಟಿಸುತ್ತೇನೆ. ಈ ಸಲ ಆರಿಸಿಕೊಂಡಿರುವುದು ಫಿಲಡೆಲ್ಫಿಯಾದ ಬ್ಯಾಂಕರ್ ಜೇ ಕುಕ್‌ನನ್ನು. ಅಮೆರಿಕದ ಅಂತರ್ಯುದ್ಧಕ್ಕೆ ಹಣ ಹೊಂದಿಸಿಕೊಟ್ಟವನೂ ಅವನೇ, ನಾರ್ದರ್ನ್ ಪೆಸಿಫಿಕ್ ರೈಲುದಾರಿಯನ್ನು ಕಟ್ಟಿಸಲು ಹೋಗಿ 1873ರಲ್ಲಿ ದಿವಾಳಿಯಾದವನೂ ಅವನೇ. 1821ರ ಆಗಸ್ಟ್ 10ರಂದು ಹುಟ್ಟಿ 1905ರ ಫೆಬ್ರವರಿ 16ರಂದು ತೀರಿಕೊಂಡದ್ದರಿಂದ ಪಟ್ಟಿಯ ಉದ್ದ 84 ಇಂಚು, ಅಂದರೆ ಏಳು ಅಡಿ.

ಮೊದಲ ನಲವತ್ತು ಇಂಚು ನಾಲ್ಕೇ ಸಂಜೆಗಳಲ್ಲಿ ಮುಗಿದವು. ಹುಟ್ಟೂರು ಒಹಾಯೊ ರಾಜ್ಯದ ಈರಿ ಸರೋವರದ ದಡದ ಸ್ಯಾಂಡಸ್ಕಿ. ತಂದೆ ಎಲ್ಯೂಥರಸ್ ಕುಕ್ ವಕೀಲ, 1831ರಿಂದ ಎರಡು ವರ್ಷ ಅಮೆರಿಕದ ಕಾಂಗ್ರೆಸ್ಸಿನ ಸದಸ್ಯ. ಮತದಾರರು ಅವನ ಕಷ್ಟದ ಹೆಸರನ್ನು ತಪ್ಪಾಗಿ ಬರೆದದ್ದರಿಂದ ಚುನಾವಣೆಯಲ್ಲಿ ಸೋತನೆಂದೂ, ಆ ಕಾರಣಕ್ಕೇ ಮಕ್ಕಳಿಗೆ ಪಿಟ್, ಜೇ, ಹೆನ್ರಿ ಎಂಬ ಚುಟುಕು ಹೆಸರುಗಳನ್ನಿಟ್ಟನೆಂದೂ ಒಂದು ಕಥೆಯಿದೆ. ಮಕ್ಕಳು ಹುಟ್ಟಿ ಹೆಸರಿಟ್ಟದ್ದು ಅವನು ಕಾಂಗ್ರೆಸ್ಸಿಗೆ ಹೋಗುವುದಕ್ಕೆ ಎಷ್ಟೋ ಮುಂಚೆ. ಆದ್ದರಿಂದ ಆ ಕಥೆಯನ್ನು ಶಾಯಿಯಲ್ಲಿ ಬರೆಯದೆ ಪೆನ್ಸಿಲಿನಲ್ಲಿ ಬರೆದಿದ್ದೇನೆ.

ಜೇ ಹದಿನಾಲ್ಕು ಹದಿನೈದರ ವಯಸ್ಸಿಗೇ ಸೇಂಟ್ ಲೂಯಿಸ್‌ನಲ್ಲಿ ಅಂಗಡಿ ಗುಮಾಸ್ತನಾಗಿದ್ದ. 1837ರ ಹಣಕಾಸಿನ ಕುಸಿತದಲ್ಲಿ ಆ ವ್ಯಾಪಾರ ಹಾಳಾಗಿ ಊರಿಗೆ ಹಿಂದಿರುಗಿದ. 1839ರಲ್ಲಿ ಫಿಲಡೆಲ್ಫಿಯಾದ ಇ. ಡಬ್ಲ್ಯು. ಕ್ಲಾರ್ಕ್ ಬ್ಯಾಂಕಿನಲ್ಲಿ ಗುಮಾಸ್ತನಾಗಿ ಸೇರಿ, ಕೆಲವೇ ವರ್ಷಗಳಲ್ಲಿ ಅದರ ಪಾಲುದಾರನಾದ. 1861ರ ಜನವರಿ 1ರಂದು ಸ್ವಂತ ಸಂಸ್ಥೆ ಜೇ ಕುಕ್ ಅಂಡ್ ಕಂಪನಿಯನ್ನು ತೆರೆದ. ಅದಾಗಿ ನಾಲ್ಕು ತಿಂಗಳೊಳಗೆ ಯುದ್ಧ ಶುರುವಾಯಿತು.

ಜೂನ್, ಕೊನೆಯ ವಾರ

ಕೆಲಸ ಸಿಕ್ಕಿಕೊಂಡದ್ದು 1861ನೆಯ ಇಂಚಿನಲ್ಲಿ. ಅಲ್ಲಿಂದ 1873ರವರೆಗೆ ಬರೆಯಬೇಕಾದದ್ದು ಎಷ್ಟಿತ್ತೆಂದರೆ, ಅಕ್ಕಿಕಾಳಿನ ಮೇಲೆ ಅಕ್ಷರ ಕೆತ್ತುವವರಿಗೂ ಅದು ಹಿಡಿಸುತ್ತಿರಲಿಲ್ಲ. ಎರಡು ದಿನ ಯೋಚಿಸಿ, ಆ ಹದಿಮೂರು ವರ್ಷಗಳಿಗೆ ವರ್ಷಕ್ಕೆ ಆರು ಇಂಚಿನಂತೆ ಬೇರೊಂದು ಪಟ್ಟಿ ಮಾಡಿ ಮೊದಲನೆಯದರ ಕೆಳಗೆ ತೂಗುಹಾಕಿದೆ. ಅದು 78 ಇಂಚಾಯಿತು.

ಈ ಕೆಳಪಟ್ಟಿಯ ಮೊದಲ ಗೆಲುವು ಚಿಕ್ಕದು: 1861ರಲ್ಲಿ ಪೆನ್ಸಿಲ್ವೇನಿಯಾ ರಾಜ್ಯದ 30 ಲಕ್ಷ ಡಾಲರ್ ಸಾಲಪತ್ರಗಳನ್ನು ಕುಕ್ ಮುಖಬೆಲೆಗೇ ಮಾರಿಕೊಟ್ಟ. ತಮ್ಮ ಹೆನ್ರಿ ಒಹಾಯೊದಲ್ಲಿ ಪತ್ರಿಕೆ ನಡೆಸುತ್ತಿದ್ದವನು. ಅದೇ ರಾಜ್ಯದ ಸಾಮನ್ ಚೇಸ್ ಅಧ್ಯಕ್ಷ ಲಿಂಕನ್‌ನ ಖಜಾನೆ ಕಾರ್ಯದರ್ಶಿಯಾದಾಗ ಅಣ್ಣನಿಗೆ ಬಾಗಿಲು ತೆರೆಯಿತು. 1862ರ ಅಕ್ಟೋಬರಿನಲ್ಲಿ ‘ಐದು-ಇಪ್ಪತ್ತು’ ಸಾಲಪತ್ರಗಳನ್ನು ಮಾರುವ ಜವಾಬ್ದಾರಿ ಕುಕ್‌ನ ಕೈಗೆ ಬಂತು. ಅವುಗಳ ಬಡ್ಡಿ ಶೇಕಡಾ 6. ಸರ್ಕಾರ ಐದು ವರ್ಷಗಳ ಮೇಲೆ ಯಾವಾಗ ಬೇಕಾದರೂ ತೀರಿಸಬಹುದು, ಇಪ್ಪತ್ತು ವರ್ಷಕ್ಕೆ ತೀರಿಸಲೇಬೇಕು. ಮೊತ್ತ 50 ಕೋಟಿ ಡಾಲರ್. ದೊಡ್ಡ ಬ್ಯಾಂಕುಗಳ ಮುಂದೆ ಕೈಚಾಚಿ ಕೂರದೆ ಅವನು ಸುಮಾರು 2,500 ಉಪಏಜೆಂಟರನ್ನು ನೇಮಿಸಿ ಊರೂರಿಗೆ ಅಟ್ಟಿದ, ಪತ್ರಿಕೆಗಳಲ್ಲಿ ಜಾಹೀರಾತು ತುಂಬಿಸಿದ. 1864ರ ಜನವರಿಯ ಹೊತ್ತಿಗೆ ಸಾಲ ನಿಗದಿಗಿಂತ ಹೆಚ್ಚೇ ಸಂಗ್ರಹವಾಗಿತ್ತು. ಅವನ ಕಮಿಷನ್ ನೂರು ಡಾಲರಿಗೆ ಅರ್ಧ ಡಾಲರನ್ನು ಮೀರಿರಲಿಲ್ಲ. ಏಜೆಂಟರ ಪಾಲನ್ನೂ ಜಾಹೀರಾತಿನ ಖರ್ಚನ್ನೂ ಅದರಲ್ಲೇ ಹೊಂದಿಸಬೇಕಿತ್ತು.

ಜುಲೈ, ಎರಡನೆಯ ವಾರ

ಇಡೀ ಪಟ್ಟಿಯಲ್ಲಿ ನನಗೆ ಬಹಳ ಇಷ್ಟವಾದದ್ದು 1865ರ ಆರು ಇಂಚು. ಆ ವರ್ಷ ಕುಕ್ ಮಾರಿದ್ದು ‘ಏಳು-ಮೂವತ್ತು’ ಪತ್ರಗಳನ್ನು. ಮೂರು ವರ್ಷದ ವಾಯಿದೆ, ಶೇಕಡಾ 7.30 ಬಡ್ಡಿ. ಈ ವಿಚಿತ್ರ ದರ ಏಕೆಂದು ಗುಣಿಸಿ ನೋಡಿದಾಗ ನಾನು ಒಬ್ಬನೇ ಕುಳಿತು ನಕ್ಕೆ. 50 ಡಾಲರಿನ ಪತ್ರಕ್ಕೆ ವರ್ಷದ ಬಡ್ಡಿ 3 ಡಾಲರ್ 65 ಸೆಂಟ್, ಅಂದರೆ ದಿನಕ್ಕೆ ಸರಿಯಾಗಿ ಒಂದು ಸೆಂಟ್. 100 ಡಾಲರಿಗೆ ಎರಡು ಸೆಂಟ್, 500ಕ್ಕೆ ಹತ್ತು, 5,000ಕ್ಕೆ ಒಂದು ಡಾಲರ್. ಕೂಡುವುದು ಮಾತ್ರ ಗೊತ್ತಿರುವ ಕೂಲಿಯವನೂ ಬೆರಳು ಮಡಚಿ ಲೆಕ್ಕ ಹಾಕಬಹುದಾದ ಬಡ್ಡಿ ಅದು. ಹಗಲೆಲ್ಲ ದುಡಿಯುವವರಿಗಾಗಿ ರಾತ್ರಿಯೂ ತೆರೆದಿರುವ ಮಾರಾಟ ಕಚೇರಿಗಳನ್ನು ಕುಕ್ ಏರ್ಪಡಿಸಿದ. ಅಂಗಡಿ ಅಂಗಡಿ ಹತ್ತಿಳಿದು ಹಣ ಕೂಡಿಸುವ ಪಿಗ್ಮಿ ಏಜೆಂಟರನ್ನು ಮೂವತ್ತು ವರ್ಷ ಕೌಂಟರಿನ ಈಚೆಯಿಂದ ನೋಡಿದ ನನಗೆ ಈ ಮನುಷ್ಯನ ಜಾಣತನದ ಬೆಲೆ ಗೊತ್ತಾಗುತ್ತದೆ. ಫೆಬ್ರವರಿಯಿಂದ ಜುಲೈ ಒಳಗೆ 80 ಕೋಟಿ ಡಾಲರಿಗೂ ಮಿಕ್ಕಿ ಪತ್ರಗಳು ಮಾರಾಟವಾದವು.

‘7.30’ ಎಂಬುದನ್ನು ಕೆಂಪು ಶಾಯಿಯಲ್ಲಿ ಬರೆದಿದ್ದೇನೆ. ಪಟ್ಟಿಯ ಮೇಲೆ ಮೂವತ್ತು ಇಂಚು ಮುಂದೆ ಅದೇ ಅಂಕಿ ಮತ್ತೆ ಬರಲಿದೆ.

ಯುದ್ಧದ ಅನಂತರ ಅವನು ಫಿಲಡೆಲ್ಫಿಯಾದ ಹೊರವಲಯದಲ್ಲಿ ಐವತ್ತಕ್ಕೂ ಹೆಚ್ಚು ಕೋಣೆಗಳ ಮನೆ ಕಟ್ಟಿಸಿದ. ಬಾಲ್ಯದಲ್ಲಿ ಸ್ಯಾಂಡಸ್ಕಿಯಲ್ಲಿ ಕಂಡಿದ್ದ ಮೂಲನಿವಾಸಿ ನಾಯಕನೊಬ್ಬನ ನೆನಪಿಗೆ ಅದಕ್ಕೆ ‘ಓಗೊಂಟ್ಸ್’ ಎಂದು ಹೆಸರಿಟ್ಟ. ಈರಿ ಸರೋವರದಲ್ಲಿ ಗಿಬ್ರಾಲ್ಟರ್ ಎಂಬ ಪುಟ್ಟ ದ್ವೀಪವನ್ನು ಮೊದಲೇ ಕೊಂಡಿದ್ದ. ಅಲ್ಲಿ ಬೇಸಿಗೆ ಮನೆ, ಗಾಳ ಹಾಕಿ ಮೀನು ಹಿಡಿಯುವ ಸುಖ.

ಆಗಸ್ಟ್, ಮೊದಲ ಹದಿನೈದು ದಿನ

ನಾರ್ದರ್ನ್ ಪೆಸಿಫಿಕ್ ರೈಲುದಾರಿಗೆ ಪಟ್ಟಿ ಸಾಲದು, ನಕ್ಷೆಯೇ ಬೇಕು. ದೊಡ್ಡ ಹಾಳೆಯ ಮೇಲೆ ಸುಪೀರಿಯರ್ ಸರೋವರದಿಂದ ಪೆಸಿಫಿಕ್ ಕಡಲಿನವರೆಗಿನ ನಕ್ಷೆ ಬಿಡಿಸಿ, ಸರ್ಕಾರ ಕಂಪನಿಗೆ ಕೊಟ್ಟ ಭೂಮಿಯನ್ನು ಬಣ್ಣದಲ್ಲಿ ತೋರಿಸಹೊರಟೆ. 1864ರ ಜುಲೈ 2ರಂದು ಲಿಂಕನ್ ಸಹಿ ಹಾಕಿದ ಸನದಿನ ಪ್ರಕಾರ, ದಾರಿಯ ಎರಡೂ ಬದಿಗೆ ಒಂದು ಚದರ ಮೈಲಿಯ ಚೌಕಗಳು ಒಂದು ಬಿಟ್ಟು ಒಂದರಂತೆ ಕಂಪನಿಗೆ ಸಲ್ಲುತ್ತಿದ್ದವು. ಮಿಕ್ಕ ಚೌಕಗಳು ಸರ್ಕಾರದ ಬಳಿ ಉಳಿಯುತ್ತಿದ್ದವು. ಹೀಗಾಗಿ ನಕ್ಷೆ ಚದುರಂಗದ ಹಾಸಿನಂತೆ ಕಾಣಬೇಕು. ಒಂದೊಂದೇ ಚೌಕಕ್ಕೆ ಬಣ್ಣ ತುಂಬಲು ಹೋಗಿ ಮಿನೆಸೋಟಾ ದಾಟುವಷ್ಟರಲ್ಲಿ ಕಣ್ಣು ಸೋತವು. ಉಳಿದದ್ದಕ್ಕೆ ಅಡ್ಡಗೆರೆ ಎಳೆದು ಕೈತೊಳೆದುಕೊಂಡೆ. ಈ ಜಮೀನು ಒಟ್ಟು ಸುಮಾರು 4 ಕೋಟಿ 70 ಲಕ್ಷ ಎಕರೆ. ನಮ್ಮ ಕರ್ನಾಟಕದ 1,91,791 ಚದರ ಕಿಲೋಮೀಟರನ್ನು ಎಕರೆಗೆ ತಿರುಗಿಸಿದರೆ ಹೆಚ್ಚುಕಡಿಮೆ ಅಷ್ಟೇ ಬರುತ್ತದೆ.

ನಕ್ಷೆಯಲ್ಲಿ ಒಂದು ದೊಡ್ಡ ತಪ್ಪನ್ನೂ ಮಾಡಿದ್ದೆ. ಸುಪೀರಿಯರ್ ಸರೋವರದ ದಡದ ಡುಲೂತ್‌ನಿಂದ ಪೆಸಿಫಿಕ್ ಕಡೆಯ ಟಕೋಮಾವರೆಗೆ 1873ರ ಹೊತ್ತಿಗೆ ಒಂದೇ ಗೆರೆ ಎಳೆದುಬಿಟ್ಟಿದ್ದೆ. ನಿಜದಲ್ಲಿ ಆಗ ಇದ್ದದ್ದು ಎರಡು ತುಂಡು: ಪೂರ್ವದ ಹಳಿ ಆ ವರ್ಷದ ಜೂನಿನಲ್ಲಿ ಮಿಸೌರಿ ನದಿಯ ದಡದ ಬಿಸ್ಮಾರ್ಕ್ ಮುಟ್ಟಿತ್ತು, ಪಶ್ಚಿಮದಲ್ಲಿ ಕಲಾಮಾದಿಂದ ಟಕೋಮಾ ಕಡೆಗೆ ಒಂದು ಚಿಕ್ಕ ದಾರಿ. ನಡುವಿನದೆಲ್ಲ ಬರೀ ನೆಲ. ಬಿಳಿ ಬಣ್ಣ ಬಳಿದು ಗೆರೆಯನ್ನು ಅಳಿಸಿದ ಮೇಲೆಯೇ ಕುಕ್ ಎಂಥ ಬಾವಿಗೆ ಇಳಿದಿದ್ದನೆಂಬುದು ಕಣ್ಣಿಗೆ ಕಟ್ಟಿತು.

ಆಗಸ್ಟ್, ಕೊನೆ

1870ರ ಆರಂಭದಲ್ಲಿ ಅವನು ಈ ಕಂಪನಿಯ 10 ಕೋಟಿ ಡಾಲರ್ ಸಾಲಪತ್ರಗಳ ಮಾರಾಟವನ್ನು ವಹಿಸಿಕೊಂಡ. ಬಡ್ಡಿ ಶೇಕಡಾ 7.30! ಜನ ನಂಬಿದ್ದ ಅಂಕಿಯನ್ನೇ ಹೊಸ ಸರಕಿಗೂ ಅಂಟಿಸಿದ್ದ. ಕೆಂಪು ಶಾಯಿಯ ಎರಡು ಗುರುತುಗಳ ನಡುವೆ ದಾರವೊಂದನ್ನು ಕಟ್ಟಿದ್ದೇನೆ. ನನ್ನ ಮಟ್ಟಿಗೆ ಅವನ ಬದುಕಿನ ಗುಟ್ಟೆಲ್ಲ ಆ ದಾರದ ಮೇಲಿದೆ. ಮೊದಲನೆಯ 7.30ರ ಹಿಂದೆ ತೆರಿಗೆ ಹಾಕುವ ಅಧಿಕಾರವಿದ್ದ ಸರ್ಕಾರವಿತ್ತು. ಎರಡನೆಯದರ ಹಿಂದೆ ಇದ್ದದ್ದು ಇನ್ನೂ ಹಾಕದ ಹಳಿ ಮತ್ತು ಕೊಳ್ಳುವವರೇ ಇಲ್ಲದ ಜಮೀನು. ದಲ್ಲಾಳಿಯ ಪಾಲೂ ಬದಲಾಗಿತ್ತು: ನೂರು ಡಾಲರಿನ ಪತ್ರಕ್ಕೆ ಕಂಪನಿಯ ಖಾತೆಗೆ ಜಮೆಯಾಗುತ್ತಿದ್ದದ್ದು 88 ಡಾಲರ್ ಮಾತ್ರ.

ಪ್ರಚಾರದಲ್ಲಿ ಅವನು ಹಿಂದೆ ಬೀಳಲಿಲ್ಲ. ಉತ್ತರದ ಆ ಚಳಿಪ್ರದೇಶದ ಹವೆ ಎಷ್ಟು ಹಿತವೆಂದು ಅವನ ಕಡೆಯವರು ಹೊಗಳಿದ್ದು ಅತಿಯಾಗಿ, ಜನ ಅದನ್ನು ‘ಜೇ ಕುಕ್‌ನ ಬಾಳೆಹಣ್ಣಿನ ಸೀಮೆ’ ಎಂದು ಗೇಲಿ ಮಾಡಿದರು. ಜರ್ಮನಿಯ ಹಣ ಬರಲಿ ಎಂಬ ಆಸೆಯಿಂದ ಎಡ್ವಿಂಟನ್ ಎಂಬ ಊರಿಗೆ 1873ರಲ್ಲಿ ಕಂಪನಿ ಆ ದೇಶದ ಚಾನ್ಸಲರ್ ಬಿಸ್ಮಾರ್ಕ್‌ನ ಹೆಸರನ್ನು ಇಟ್ಟಿತು. ಯೆಲ್ಲೋಸ್ಟೋನ್ ಕಣಿವೆಯ ಬಿಸಿನೀರಿನ ಚಿಲುಮೆಗಳನ್ನು ಸಾರ್ವಜನಿಕ ಉದ್ಯಾನವಾಗಿ ಉಳಿಸಬೇಕೆಂದು 1871ರಲ್ಲಿ ಭೂವಿಜ್ಞಾನಿ ಹೇಡನ್‌ಗೆ ಕುಕ್‌ನ ಕಚೇರಿಯಿಂದಲೇ ಪತ್ರ ಹೋಗಿತ್ತು. ಚಿತ್ರಕಾರ ಥಾಮಸ್ ಮೊರಾನ್ ಅಲ್ಲಿಗೆ ಹೋದದ್ದೂ ಕುಕ್ ಕೊಟ್ಟ 500 ಡಾಲರ್ ಸಾಲದ ನೆರವಿನಿಂದ. ಮರುವರ್ಷ ಮಾರ್ಚ್ 1ರಂದು ಯೆಲ್ಲೋಸ್ಟೋನ್ ರಾಷ್ಟ್ರೀಯ ಉದ್ಯಾನವಾಯಿತು. ಪ್ರವಾಸಿಗರಿಗೆ ಟಿಕೆಟ್ ಮಾರುವ ದೂರಾಲೋಚನೆಯಿಂದ ಇಂಥ ಒಳ್ಳೆಯ ಕೆಲಸವೂ ಆದೀತೆಂಬುದು ನನಗೆ ಹೊಸ ತಿಳಿವಳಿಕೆ. ಆದರೆ ಅದೇ ದಾರಿ ಮೂಲನಿವಾಸಿಗಳಾದ ಸೂ ಜನರ ಬೇಟೆಯ ನೆಲವನ್ನು ಸೀಳಿಕೊಂಡು ಹೋಗಬೇಕಿತ್ತು. 1872ರಲ್ಲೂ 1873ರಲ್ಲೂ ಸರ್ವೆ ತಂಡಗಳ ಜೊತೆ ಸೈನ್ಯ ಹೋಯಿತು, ಎರಡು ವರ್ಷವೂ ಕಾದಾಟ ನಡೆಯಿತು. ಈ ಸುದ್ದಿ ಓದಿದವರಲ್ಲಿ ಯಾರು ತಾನೇ ಸಾಲಪತ್ರ ಕೊಂಡಾರು?

1870ರ ಜುಲೈಯಲ್ಲಿ ಫ್ರಾನ್ಸಿಗೂ ಪ್ರಷ್ಯಕ್ಕೂ ಯುದ್ಧ ಹತ್ತಿಕೊಂಡು ಯುರೋಪಿನ ಮಾರುಕಟ್ಟೆ ಕೈತಪ್ಪಿತು. ಮಿನೆಸೋಟಾದ ಜೌಗಿನಲ್ಲಿ ಎಷ್ಟು ಮಣ್ಣು ಸುರಿದರೂ ಹಳಿ ಕುಸಿಯುತ್ತಿತ್ತು. ಪತ್ರಗಳ ಮಾರಾಟ ಸಾಲದೆ ಹೋದಾಗ ಕುಕ್ ತನ್ನ ಬ್ಯಾಂಕಿನಿಂದಲೇ ರೈಲು ಕಂಪನಿಗೆ ಓವರ್‌ಡ್ರಾಫ್ಟ್, ಅಂದರೆ ಖಾತೆಯಲ್ಲಿ ಇಲ್ಲದ ಹಣವನ್ನೂ ಸಾಲವಾಗಿ, ಕೊಡುತ್ತ ಹೋದ. ಠೇವಣಿದಾರ ಕೇಳಿದ ದಿನವೇ ಕೊಡಬೇಕಾದ ಹಣವನ್ನು ಇಪ್ಪತ್ತು ವರ್ಷಕ್ಕೂ ಹಿಂದಿರುಗದ ಕಡೆ ಹೂಡುವುದು ಎಂಥ ಕೆಲಸವೆಂದು ಶಾಖೆ ನಡೆಸಿದ ಯಾರನ್ನು ಕೇಳಿದರೂ ಹೇಳುತ್ತಾರೆ.

ಸೆಪ್ಟೆಂಬರ್ 18

ಬೇಕೆಂದೇ ಈ ದಿನಕ್ಕೆ ಕಾದಿದ್ದು, 1873ರ ಸೆಪ್ಟೆಂಬರ್ 18ನ್ನು ಇವತ್ತು ಬರೆದೆ. ಅಂದು ಗುರುವಾರ. ಹಿಂದಿನ ರಾತ್ರಿ ಅಧ್ಯಕ್ಷ ಗ್ರಾಂಟ್ ಓಗೊಂಟ್ಸ್‌ನಲ್ಲಿ ಅತಿಥಿಯಾಗಿ ತಂಗಿದ್ದ. ಬೆಳಗಿನ ಉಪಾಹಾರದ ಅನಂತರ ಕುಕ್ ಕಚೇರಿಗೆ ಬಂದ. ಅತ್ತ ನ್ಯೂಯಾರ್ಕಿನ ಪಾಲುದಾರ ಹ್ಯಾರಿಸ್ ಫಾನೆಸ್ಟಾಕ್ ಅಲ್ಲಿನ ಶಾಖೆಯ ಬಾಗಿಲು ಮುಚ್ಚಿಸಿದ. ಸುದ್ದಿ ಬಂದ ಮೇಲೆ ಫಿಲಡೆಲ್ಫಿಯಾದ ಬಾಗಿಲನ್ನೂ ಮುಚ್ಚಬೇಕಾಯಿತು. ವಾಷಿಂಗ್ಟನ್ನಿನಲ್ಲಿ ತಮ್ಮ ಹೆನ್ರಿಯ ಬ್ಯಾಂಕೂ ಉಳಿಯಲಿಲ್ಲ. 20ರಂದು ನ್ಯೂಯಾರ್ಕ್ ಷೇರುಪೇಟೆ ಮುಚ್ಚಿ ಹತ್ತು ದಿನ ತೆರೆಯಲಿಲ್ಲ. ಅಲ್ಲಿಂದ ಮುಂದೆ ಐದಾರು ವರ್ಷ ದೇಶಕ್ಕೆ ದೇಶವೇ ಹಿಂಜರಿತದಲ್ಲಿ ನರಳಿತು.

ಇದೇ ಇಂಚಿನ ಅಂಚಿಗೆ ಕಪ್ಪು ಶಾಯಿಯಲ್ಲಿ ಒಂದು ಟಿಪ್ಪಣಿ ಸೇರಿಸಿದ್ದೇನೆ. ಗುಲಾಮಗಿರಿಯಿಂದ ಬಿಡುಗಡೆಯಾದ ಕಪ್ಪು ಜನರ ಉಳಿತಾಯಕ್ಕೆಂದು 1865ರಲ್ಲಿ ಸ್ಥಾಪನೆಯಾದ ಫ್ರೀಡ್‌ಮನ್ಸ್ ಬ್ಯಾಂಕಿನ ಹಣಕಾಸು ಸಮಿತಿಯಲ್ಲಿ ಹೆನ್ರಿ ಕುಕ್‌ನ ಕೈ ಮೇಲಿತ್ತು, ಆ ಬ್ಯಾಂಕಿನ ಹಣ ಅಣ್ಣನ ಸಂಸ್ಥೆಗೂ ಸಾಲವಾಗಿ ಹರಿದಿತ್ತು. 1874ರ ಜೂನಿನಲ್ಲಿ ಅದು ಮುಚ್ಚಿದಾಗ 60,000ಕ್ಕೂ ಹೆಚ್ಚು ಠೇವಣಿದಾರರಿದ್ದರು. ಓಗೊಂಟ್ಸ್ ಕಳೆದುಕೊಂಡ ಕುಕ್‌ನ ಬಗ್ಗೆ ಮರುಗುವ ಮೊದಲು ಈ ಟಿಪ್ಪಣಿಯನ್ನು ಓದಬೇಕೆಂದು ಅದನ್ನು ದಪ್ಪ ಅಕ್ಷರದಲ್ಲಿಯೇ ಬರೆದೆ.

ಅಕ್ಟೋಬರ್

ಉಳಿದದ್ದು ಮೇಲಿನ ಪಟ್ಟಿಯ ಕೊನೆಯ 32 ಇಂಚು. ಇಲ್ಲಿ ಖಾಲಿ ಜಾಗವೇ ಹೆಚ್ಚು. ಉಟಾದ ಹಾರ್ನ್ ಸಿಲ್ವರ್ ಎಂಬ ಬೆಳ್ಳಿಗಣಿಗೆ ರೈಲು ಬಾರದೆ ಅದಿರು ಸಾಗಿಸುವಂತಿರಲಿಲ್ಲ. ಕುಕ್ ಯೂನಿಯನ್ ಪೆಸಿಫಿಕ್ ರೈಲು ಕಂಪನಿಯ ಜೇ ಗೌಲ್ಡ್ ಮತ್ತು ಸಿಡ್ನಿ ಡಿಲನ್‌ರನ್ನು ಒಪ್ಪಿಸಿ ದಾರಿ ಹಾಕಿಸಿದ. ಮುಂದೆ ಗಣಿಯಲ್ಲಿದ್ದ ತನ್ನ ಪಾಲನ್ನು ಮಾರಿದಾಗ ಕೈಗೆ ಸುಮಾರು ಹತ್ತು ಲಕ್ಷ ಡಾಲರ್ ಬಂತು. ಕೈಯಲ್ಲಿ ಕಾಸಿಲ್ಲದ ಹೊತ್ತಿನಲ್ಲೂ ಅವನ ಮಾತಿಗೆ ಬೆಲೆಯಿತ್ತು. ಓಗೊಂಟ್ಸ್ ಮತ್ತೆ ಅವನ ವಶವಾಯಿತು, ಆದರೆ ಅದನ್ನು ಹೆಣ್ಣುಮಕ್ಕಳ ಶಾಲೆಗೆ ಬಿಟ್ಟುಕೊಟ್ಟ. ಗಿಬ್ರಾಲ್ಟರ್ ದ್ವೀಪವನ್ನು ಮಾತ್ರ ತನಗೇ ಇಟ್ಟುಕೊಂಡ.

ರೈಲುದಾರಿಯ ನಡುವಿನ ತೆರಪನ್ನು ಮುಚ್ಚಿದವನು ಬೇರೊಬ್ಬ: ಕಂಪನಿಯ ಆಗಿನ ಅಧ್ಯಕ್ಷ ಹೆನ್ರಿ ವಿಲಾರ್ಡ್‌ನ ಕಾಲದಲ್ಲಿ, 1883ರ ಸೆಪ್ಟೆಂಬರ್ 8ರಂದು, ಮೊಂಟಾನಾದ ಗೋಲ್ಡ್ ಕ್ರೀಕ್ ಬಳಿ ಎರಡೂ ತುದಿಗಳು ಸೇರಿದವು. ನಕ್ಷೆಯಲ್ಲಿ ಬಿಳಿ ಬಳಿದಿದ್ದ ಜಾಗದ ಮೇಲೆ ಈಗ ಹಸಿರು ಗೆರೆ ಎಳೆದಿದ್ದೇನೆ. 1891ರಲ್ಲಿ, ಎಪ್ಪತ್ತರ ಹೊತ್ತಿಗೆ, ಕುಕ್ ಅದೇ ದಾರಿಯಲ್ಲಿ ರೈಲಿನಲ್ಲಿ ಕುಳಿತು ಪೆಸಿಫಿಕ್ ಕಡಲಿನವರೆಗೆ ಹೋಗಿಬಂದ.

ಇನ್ನು ಉಳಿದಿರುವ ಕೆಲಸ ಒಂದೇ. ದ್ವೀಪಕ್ಕೆ ಹೋದಾಗಲೆಲ್ಲ ಅವನು ಬಂದ ಅತಿಥಿಗಳನ್ನೂ ಹಿಡಿದ ಮೀನುಗಳನ್ನೂ ದಿನಚರಿಯಲ್ಲಿ ಬರೆದಿಡುತ್ತಿದ್ದ. 1865ರಲ್ಲಿ ಆರಂಭವಾದ ಆ ದಾಖಲೆ ಅವನ ಬದುಕಿನ ಕೊನೆಯವರೆಗೂ ಸಾಗಿತು. ಅದಕ್ಕೆಂದು ಪಟ್ಟಿಯ ಕೆಳ ಅಂಚಿನಲ್ಲಿ ಅರ್ಧ ಇಂಚು ಅಗಲದ ನೀಲಿ ಕಾಗದವನ್ನು ಅಂಟಿಸಬೇಕು, 1873ರ ನಂತರದ ಕೆಲವು ವರ್ಷಗಳನ್ನು ಮಾತ್ರ ಬಿಟ್ಟು. ನೀಲಿ ಕಾಗದ ತಂದಾಗಿದೆ. ಅಂಟು ಒಣಗಿಹೋಗಿರುವುದರಿಂದ ಸೋಮವಾರ ಪೇಟೆಗೆ ಹೋಗಬೇಕಾಗಿದೆ.