ಬೂಷ್ಟು ಹಿಡಿದ ‘ಘಟಶ್ರಾದ್ಧ’

ಊರಮನೆಯ ಅಟ್ಟದಲ್ಲಿ ಅಪ್ಪನ ವಿಎಚ್‌ಎಸ್ ಕ್ಯಾಸೆಟ್ಟುಗಳ ರಟ್ಟಿನ ಪೆಟ್ಟಿಗೆ ಈಗಲೂ ಇದೆ. ದೂರದರ್ಶನದಲ್ಲಿ ಭಾನುವಾರ ಮಧ್ಯಾಹ್ನ ಪ್ರಶಸ್ತಿ ಪಡೆದ ಸಿನಿಮಾ ಬರುತ್ತಿತ್ತಲ್ಲ, ಆಗ ರೆಕಾರ್ಡ್ ಮಾಡಿಟ್ಟವು. ಒಂದರ ಮೇಲೆ ನೀಲಿ ಇಂಕಿನಲ್ಲಿ ‘ಘಟಶ್ರಾದ್ಧ’ ಅಂತಿದೆ, ಗಿರೀಶ ಕಾಸರವಳ್ಳಿಯವರ ಸಿನಿಮಾ. ಕಳೆದ ಮಳೆಗಾಲ ತೆಗೆದು ನೋಡಿದರೆ ಸುರುಳಿ ತುಂಬ ಬಿಳಿ ಬೂಷ್ಟು. ಮಲೆನಾಡಲ್ಲಿ ಚಪ್ಪಲಿಗೇ ಬೂಷ್ಟು ಬರುತ್ತೆ, ಟೇಪು ಯಾವ ಲೆಕ್ಕ!

ಆನ್‌ಲೈನಲ್ಲಿ ಹುಡುಕಿದೆ. ಯಾರೋ ಪುಣ್ಯಾತ್ಮರು ಹಾಕಿದ್ದರು. ಅಮ್ಮನನ್ನೂ ಕೂರಿಸಿಕೊಂಡೆ. ರಾತ್ರಿಯ ದೃಶ್ಯ ಬಂದಾಗಲೆಲ್ಲ ಪರದೆ ಮೇಲೆ ಬರೀ ಕಪ್ಪು ಚೌಕಗಳು, ಅವುಗಳ ನಡುವೆ ಒಂದು ದೀಪದ ಕುಡಿ. “ಎಂತದಾ ಇದು, ಯಮುನಕ್ಕನ ಮುಖವೇ ಕಾಣ್ತಿಲ್ಲ” ಅಂದಳು ಅಮ್ಮ, ಕಥೆಯ ವಿಧವೆ ನಾಯಕಿಯನ್ನು ಹುಡುಕುತ್ತ. ಕ್ಯಾಮೆರಾಮನ್ ಎಸ್. ರಾಮಚಂದ್ರ ಕತ್ತಲನ್ನು ಅಷ್ಟು ಜತನದಿಂದ ಹಿಡಿದಿದ್ದರೂ, ಫಿಲ್ಮಿನಿಂದ ಟೇಪಿಗೆ, ಟೇಪಿನಿಂದ ಡಿಸ್ಕಿಗೆ, ಅಲ್ಲಿಂದ ಇಂಟರ್ನೆಟ್ಟಿಗೆ ಬರುವಷ್ಟರಲ್ಲಿ ಮೊದಲು ಸಾಯುವುದು ಕತ್ತಲೇ. ಫೈಲನ್ನು ಕುಗ್ಗಿಸುವ ಸಾಫ್ಟ್‌ವೇರಿಗೆ ಕಪ್ಪಿನೊಳಗಿನ ಕಪ್ಪು ಬೇಕಿಲ್ಲ. ಕೊನೆಗೆ, ತಲೆ ಬೋಳಿಸಿಕೊಂಡು ಅರಳಿ ಮರದಡಿ ಕೂತ ಯಮುನಕ್ಕ ಒಂದು ಬಿಳಿ ಮಚ್ಚೆಯಂತೆ ಕಂಡಳು.

ಹಾಗಂತ ಆ ಪುಣ್ಯಾತ್ಮರನ್ನು ಬೈಯಲಾರೆ. ನಮ್ಮ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ್ದು (1934) ಇಂಥ ಮಬ್ಬು ಕಾಪಿಯೂ ಉಳಿದಿಲ್ಲ. ‘ಘಟಶ್ರಾದ್ಧ’ದ ಅದೃಷ್ಟ, 1977ರ ಮೂಲ ನೆಗೆಟಿವ್ ಪುಣೆಯ ಫಿಲ್ಮ್ ಆರ್ಕೈವಿನಲ್ಲಿತ್ತು. ಅದನ್ನಿಟ್ಟುಕೊಂಡು ಫಿಲ್ಮ್ ಹೆರಿಟೇಜ್ ಫೌಂಡೇಶನ್‌ನವರು, ಹಾಲಿವುಡ್ ನಿರ್ದೇಶಕ ಮಾರ್ಟಿನ್ ಸ್ಕೋರ್ಸೆಸಿಯ ಸಂಸ್ಥೆಯ ಜೊತೆ ಸೇರಿ, ಚಿತ್ರವನ್ನು ಪುನರುಜ್ಜೀವನಗೊಳಿಸಿದರು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನವೂ ಆಯಿತು. ಇಡೀ ಚಿತ್ರವೆಂದರೆ, ಸೆಕೆಂಡಿಗೆ 24ರಂತೆ ಲೆಕ್ಕ ಹಾಕಿದರೆ ಒಂದೂವರೆ ಲಕ್ಷಕ್ಕೂ ಹೆಚ್ಚು ಫ್ರೇಮು! ಬಿಡುಗಡೆಯಾದ ಸ್ಟಿಲ್ ಒಂದನ್ನು ಫೋನಿನಲ್ಲಿ ಹಿಗ್ಗಿಸಿ ಹಿಗ್ಗಿಸಿ ನೋಡಿದ್ದೇನೆ, ಸೀರೆಯ ನೂಲೂ ಕಾಣುತ್ತೆ.

ಆದರೆ ವೆನಿಸ್‌ನಲ್ಲಿ ಕಂಡ ನೂಲು ನಮ್ಮೂರ ಜಗುಲಿಗೂ ಬರಬೇಕಲ್ಲ? ಇಂಥ ಚಿತ್ರಗಳನ್ನು ನೂರು ರೂಪಾಯಿ ಕೊಟ್ಟು ಮನೆಯಲ್ಲೇ ನೋಡುವಂಥ ಒಂದು ಸರ್ಕಾರಿ ತಾಣವಿದ್ದರೆ ನಾನೇ ಮೊದಲ ಗಿರಾಕಿ. ಈ ಪುಣ್ಯಾತ್ಮರ ಲಿಂಕುಗಳನ್ನು ನಂಬುವಂತಿಲ್ಲ. ಮೊನ್ನೆ ಅಮ್ಮ ಮತ್ತೆ ಹಾಕು ಅಂದಳು, ಒತ್ತಿದರೆ ‘ಈ ವಿಡಿಯೊ ಲಭ್ಯವಿಲ್ಲ’.

ಕ್ಯಾಸೆಟ್ಟನ್ನು ಎಸೆಯಲು ಹೊರಟಿದ್ದೆ. ಅಮ್ಮ ಬಿಡಲಿಲ್ಲ. ತಂಪಾಗಿ, ಒಣಗಿದ ಜಾಗದಲ್ಲಿಡಬೇಕು ಅಂತ ಎಲ್ಲೋ ಓದಿದ್ದನ್ನು ಹೇಳಿದೆ. ಆಷಾಢದಲ್ಲಿ ನಮ್ಮನೆಯಲ್ಲಿ ಒಣಗಿರುವುದು ಒಂದೇ ಜಾಗ. ಈಗ ಅದು ಹಪ್ಪಳದ ಡಬ್ಬದಲ್ಲಿದೆ.