ಒಡೆದರೆ ಇವರೇ ಬಂದು ಕಟ್ತಾರಾ ಅಜ್ಜಾ?

ನನ್ನ ಮಗಳು ಕೇಳಿದ ಒಂದು ಪ್ರಶ್ನೆ ಅಪ್ಪನ ತಲೆಯಿಂದ ಇನ್ನೂ ಇಳಿದಿಲ್ಲ. ಊಟಕ್ಕೆ ಕೂತರೂ ಅದೇ, ಟಿವಿ ಮುಂದೆ ಕೂತರೂ ಅದೇ. ಕೇಳಿದವಳು ಮಾತ್ರ ಅವತ್ತೇ ಮರೆತು, ಐಸ್‌ಕ್ರೀಮ್ ತಿಂದು ಆರಾಮಾಗಿ ಮಲಗಿದಳು.

ಅಪ್ಪ ಅವ್ವ ಚಿತ್ರದುರ್ಗದಿಂದ ಸುವೊನ್‌ಗೆ ನಮ್ಮ ಮನೆಗೆ ಬಂದಿದ್ದಾರೆ. ಕೊರಿಯಾಕ್ಕೆ ಬಂದ ಮೇಲೆ ಸಿಯೋಲ್ ತೋರಿಸದೆ ಕಳಿಸೋಕಾಗುತ್ತಾ? ಆದರೆ ಅವ್ವನಿಗೆ ಮಂಡಿ ನೋವು. ಅಪ್ಪನಿಗೆ ಗುಂಪಿನ ಟೂರ್ ಅಂದರೆ ಆಗುವುದಿಲ್ಲ, ಬಾವುಟ ಹಿಡಿದವನ ಹಿಂದೆ ಸಾಲಾಗಿ ಓಡೋಕೆ ನಾನೇನು ಸ್ಕೂಲ್ ಹುಡುಗನಾ ಅಂತ ಮೊದಲ ದಿನವೇ ಹೇಳಿಬಿಟ್ಟಿದ್ದರು. ಹಾಗಾಗಿ ನನ್ನ ಹೆಂಡತಿ ಒಂದು ಶನಿವಾರಕ್ಕೆ ಪ್ರೈವೇಟ್ ಟೂರ್ ಬುಕ್ ಮಾಡಿದಳು. ನಮ್ಮ ಮನೆಯವರಿಗೆ ಮಾತ್ರ ಒಂದು ವ್ಯಾನು, ಡ್ರೈವರ್, ಇಂಗ್ಲಿಷ್ ಬರುವ ಗೈಡ್, ಅರ್ಧ ದಿನ. ಎಷ್ಟಾಯಿತು ಅಂತ ಅಪ್ಪನಿಗೆ ಹೇಳಿಲ್ಲ. ಆಫೀಸಿನವರೇ ಕೊಡ್ತಾರೆ ಅಂದಿದ್ದೇನೆ. ಇದನ್ನು ಓದಿದ ಊರಿನವರು ಯಾರೂ ದಯವಿಟ್ಟು ಅವರಿಗೆ ಫಾರ್ವರ್ಡ್ ಮಾಡಬೇಡಿ.

ಗೈಡ್ ಅರವತ್ತು ದಾಟಿದ ಹೆಂಗಸು. ತಲೆಗೆ ಬಿಸಿಲು ಟೋಪಿ, ಕಾಲಿಗೆ ಬೆಟ್ಟ ಹತ್ತುವ ಶೂ. ನಮ್ಮವ್ವ ಇಳಕಲ್ ಸೀರೆ ಮೇಲೆ ಸ್ವೆಟರ್ ಹಾಕಿ, ಬ್ಯಾಗಿನಲ್ಲಿ ಖಡಕ್ ರೊಟ್ಟಿ, ಶೇಂಗಾ ಚಟ್ನಿಪುಡಿ ಇಟ್ಟುಕೊಂಡು ವ್ಯಾನ್ ಹತ್ತಿದರು. ಇಬ್ಬರಿಗೂ ಒಬ್ಬರ ಮಾತು ಒಬ್ಬರಿಗೆ ತಿಳಿಯುವುದಿಲ್ಲ. ಆದರೂ ಹತ್ತು ನಿಮಿಷದಲ್ಲಿ ಇಬ್ಬರೂ ಮಂಡಿ ತೋರಿಸಿಕೊಂಡು ಮಾತಾಡುತ್ತಿದ್ದರು.

ಮೊದಲು ಗ್ಯೊಂಗ್‌ಬೊಕ್‌ಗುಂಗ್ ಅರಮನೆ. 1395ರಲ್ಲಿ ಕಟ್ಟಿದ್ದು, 1592ರ ಜಪಾನ್ ದಾಳಿ ಹೊತ್ತಿನಲ್ಲಿ ಸುಟ್ಟುಹೋಗಿ ಇನ್ನೂರೈವತ್ತಕ್ಕೂ ಜಾಸ್ತಿ ವರ್ಷ ಹಾಳು ಬಿದ್ದಿತ್ತು. ಮತ್ತೆ ಕಟ್ಟಿದರು, ಜಪಾನಿನವರು ಆಳುವಾಗ ಮತ್ತೆ ಕೆಡವಿದರು. ಅರಮನೆ ಮುಂದೆಯೇ, ಅದು ಕಾಣದ ಹಾಗೆ, ಕಲ್ಲಿನ ದೊಡ್ಡ ಸರ್ಕಾರಿ ಕಟ್ಟಡ ಎಬ್ಬಿಸಿದರು. 1926ರಲ್ಲಿ ಮುಗಿದ ಆ ಕಟ್ಟಡವನ್ನು ಕೊರಿಯಾದವರು 1995ರಲ್ಲಿ ಕೆಡವಲು ಶುರು ಮಾಡಿದರು. ಅಪ್ಪನಿಗೆ ಇದು ಸರಿಬರಲಿಲ್ಲ. "ಅಷ್ಟು ಗಟ್ಟಿ ಕಟ್ಟಡ ಯಾಕಪ್ಪ ಕೆಡವಿದ್ರು, ಆಫೀಸಿಗೆ ಬಳಸ್ಬಹುದಿತ್ತಲ್ಲ" ಅಂದರು. ಗೈಡಮ್ಮನಿಗೆ ಅದನ್ನೇ ಕೇಳಿದೆ. ಬಹಳ ವರ್ಷ ಆಫೀಸು, ಆಮೇಲೆ ಮ್ಯೂಸಿಯಂ ಎಲ್ಲಾ ಆಗಿತ್ತು, ಆದರೂ ಬೇಡ ಅನ್ನಿಸಿತು ಅಂದರು. ಅಷ್ಟೇ.

ಹನ್‌ಬೊಕ್, ಅಂದರೆ ಕೊರಿಯಾದ ಸಾಂಪ್ರದಾಯಿಕ ಉಡುಪು, ಹಾಕಿಕೊಂಡು ಹೋದರೆ ಅರಮನೆಗೆ ಟಿಕೆಟ್ ಇಲ್ಲ. ಮಗಳು ಗುಲಾಬಿ ಬಣ್ಣದ್ದು ಬಾಡಿಗೆಗೆ ತಗೊಂಡು ಜರಿ ಲಂಗದಲ್ಲಿ ಓಡಾಡಿದಳು. ಎಷ್ಟೋ ಜನ ಬಂದು ಫೋಟೋ ಕೇಳಿದ್ದು ಅವಳನ್ನಲ್ಲ, ಇಳಕಲ್ ಸೀರೆಯ ಅವ್ವನನ್ನು. ಅವಳಿಗೆ ಸ್ವಲ್ಪ ಹೊಟ್ಟೆಕಿಚ್ಚು.

ಬುಕ್‌ಚೋನ್‌ನ ಹಳೇ ಮನೆಗಳ ಓಣಿಯಲ್ಲಿ ನಾವು ಜಾಸ್ತಿ ಹೊತ್ತು ನಿಲ್ಲಲಿಲ್ಲ. ಅಲ್ಲಿ ಇವತ್ತಿಗೂ ಜನ ಸಂಸಾರ ಮಾಡಿಕೊಂಡಿದ್ದಾರೆ. ಪ್ರವಾಸಿಗರ ಕಾಟ ತಡೆಯಲಾರದೆ ಕೆಲವು ಬೀದಿಗೆ ಬೆಳಿಗ್ಗೆ 10ರಿಂದ ಸಂಜೆ 5ರವರೆಗೆ ಮಾತ್ರ ಹೊರಗಿನವರನ್ನು ಬಿಡುತ್ತಾರೆ, ಮೀರಿದರೆ 1 ಲಕ್ಷ ವೊನ್ ದಂಡ. ನಮ್ಮೂರಲ್ಲಿ ಕೋಟೆ ನೋಡೋಕೆ ಬಂದವರು ದಾರಿ ತಪ್ಪಿ ನಮ್ಮ ಮನೆ ಕಟ್ಟೆ ಮೇಲೆ ಕೂತರೆ ಅವ್ವ ನೀರು ಕೊಟ್ಟು ಊರು ಯಾವುದು ಅಂತ ವಿಚಾರಿಸುತ್ತಿದ್ದರು. ದಿನಕ್ಕೆ ಸಾವಿರಾರು ಜನ ಬಂದು ಕೂತಿದ್ದರೆ ಅವರೂ ಬೋರ್ಡ್ ಹಾಕುತ್ತಿದ್ದರೇನೋ.

ಗ್ವಾಂಗ್‌ಜಾಂಗ್ ಮಾರ್ಕೆಟ್ 1905ರಿಂದ ಇದೆ. ಅಲ್ಲಿ ಅವ್ವ ಒಂದು ಅಂಗಡಿ ಮುಂದೆ ನಿಂತವರು ಅಲ್ಲಾಡಲೇ ಇಲ್ಲ. ಬೀಸೋ ಕಲ್ಲಿಗೆ ಮೋಟರ್ ಕೂರಿಸಿದ್ದಾರೆ. ನೆನೆಸಿದ ಹೆಸರುಬೇಳೆಯನ್ನು ಮೇಲಿನ ತೂತಿಗೆ ಸುರಿದರೆ ಕಲ್ಲಿನ ಸುತ್ತ ಹಳದಿ ಹಿಟ್ಟು ದಪ್ಪಗೆ ಜಾರಿ ಕೆಳಗಿನ ಬಕೆಟ್ಟಿಗೆ ಬೀಳುತ್ತದೆ. ಅದಕ್ಕೆ ಮೊಳಕೆ ಕಾಳು, ಈರುಳ್ಳಿ ಸೊಪ್ಪು ಎಲ್ಲಾ ಸೇರಿಸಿ ದಪ್ಪ ದೋಸೆ ಥರ ಎಣ್ಣೆಯಲ್ಲಿ ಕಾಯಿಸಿ ಕೊಡುತ್ತಾರೆ. ಬಿಂದೆತ್ತೊಕ್ ಅಂತ ಹೆಸರು. ಹಂದಿ ಮಾಂಸ ಇರಬಹುದು ಅಂದಿದ್ದಕ್ಕೆ ಅವ್ವ ತಿನ್ನಲಿಲ್ಲ, ಪಕ್ಕದ ಬೆಂಚಿನ ಮೇಲೆ ಕೂತು ರೊಟ್ಟಿ ಮುರಿದರು. ತಿನ್ನದೇ ತೀರ್ಪು ಕೊಟ್ಟರು: "ಹಿಟ್ಟಿನ ಹದ ಚೆನ್ನಾಗಿದೆ, ಎಣ್ಣೆ ಸ್ವಲ್ಪ ಜಾಸ್ತಿ."

ಇಷ್ಟು ಆಗುವ ಹೊತ್ತಿಗೆ ಅಪ್ಪ ಸ್ವಲ್ಪ ಸಪ್ಪಗಾಗಿದ್ದರು. ಎಲ್ಲಾ ಚೊಕ್ಕ, ಎಲ್ಲಾ ಟೈಮಿಗೆ ಸರಿಯಾಗಿ. ಇಂಥ ಕಡೆ ನಮ್ಮ ಹಿರಿಯರಿಗೆ ಒಂಥರಾ ಉಸಿರುಗಟ್ಟುತ್ತದೆ, ಗಮನಿಸಿದ್ದೀರಾ? ಹೊಗಳಬೇಕು, ಹೊಗಳಿದರೆ ನಮ್ಮೂರನ್ನು ತೆಗಳಿದ ಹಾಗಾಗುತ್ತದೆ. ಅವರನ್ನು ಬದುಕಿಸಿದ್ದು ನಾಮ್‌ದೇಮುನ್ ಅನ್ನೋ ಹಳೇ ಕೋಟೆ ಬಾಗಿಲಿನ ಕಥೆ. ವ್ಯಾನಿನಲ್ಲಿ ಗೈಡಮ್ಮ ತಾವಾಗಿಯೇ ಹೇಳಿದರು. 2021ರಲ್ಲಿ ನಂಬರ್ ಕೊಡುವ ಪದ್ಧತಿ ಕೈಬಿಡುವವರೆಗೂ ಅದು ದೇಶದ ಮೊದಲನೇ ನಂಬರಿನ ರಾಷ್ಟ್ರೀಯ ಆಸ್ತಿ ಆಗಿತ್ತು. 2008ರಲ್ಲಿ, ಜಮೀನಿನ ಪರಿಹಾರ ಸಾಲದು ಅಂತ ಸಿಟ್ಟಾದ ಒಬ್ಬ ಮುದುಕ ಅದಕ್ಕೆ ಬೆಂಕಿ ಹಚ್ಚಿಬಿಟ್ಟ. ಐದು ವರ್ಷ ಕೆಲಸ ಮಾಡಿ, ಹಳೇ ಪದ್ಧತಿಯಲ್ಲೇ ಕಟ್ಟಿ, 2013ರಲ್ಲಿ ಮತ್ತೆ ತೆರೆದರು. ಕೆಲವೇ ತಿಂಗಳಲ್ಲಿ ಬಣ್ಣ ಎದ್ದು ಉದುರಿತು! ನೈಸರ್ಗಿಕ ಅಂಟು ಬಳಸಬೇಕಾದ ಕಡೆ ಅಗ್ಗದ ಕೆಮಿಕಲ್ ಬಳಸಿದ್ದರಂತೆ. ಕೇಸೂ ಆಯಿತು.

"ಇದೂ ಇದೆಯಾ ಇಲ್ಲಿ!" ಅಂತ ಅಪ್ಪ ಸೀಟಿನಲ್ಲಿ ನೆಟ್ಟಗೆ ಕೂತರು. ಮುಖ ಅರಳಿತು. ಅವರು ಸರ್ವೀಸ್ ಪೂರ್ತಿ ರಸ್ತೆ, ಮೋರಿ, ಸಣ್ಣ ಸೇತುವೆ ಕೆಲಸ ಮಾಡಿಸಿದ ಸರ್ಕಾರಿ ಇಂಜಿನಿಯರ್. ಕಳಪೆ ಕಾಮಗಾರಿ ಅನ್ನೋದು ಅವರಿಗೆ ಯಾವ ದೇಶದಲ್ಲಿ ಸಿಕ್ಕರೂ ನೆಂಟರು ಸಿಕ್ಕಷ್ಟೇ ಪರಿಚಯ.

ಕೊನೆಗೆ ಊರಿನ ಕೋಟೆ ಗೋಡೆ. ಸಿಯೋಲ್ ಸುತ್ತ ಬೆಟ್ಟಗಳ ಮೇಲೇ ಹತ್ತಿ ಇಳಿಯುವ ಗೋಡೆ, 18.6 ಕಿಲೋಮೀಟರ್. 1396ರಲ್ಲಿ ಶುರುವಾದದ್ದು. ನಾಕ್‌ಸಾನ್ ಗುಡ್ಡದವರೆಗೆ ವ್ಯಾನು ಹತ್ತಿಸಿ ಅಲ್ಲಿಂದ ದೊಂಗ್‌ದೇಮುನ್ ಬಾಗಿಲಿಗೆ ಬರೀ ಇಳಿಜಾರು, ಹಾಗಾಗಿ ಅವ್ವನ ಮಂಡಿಗೂ ಪರವಾಗಿಲ್ಲ. ಆದರೂ ಅವ್ವ ಒಂದು ಮಾತು ಅಂದೇಬಿಟ್ಟರು: "ಕಲ್ಲು ನೋಡೋಕೆ ಇಷ್ಟು ದೂರ ಬರ್ಬೇಕಿತ್ತಾ, ಚಿತ್ರದುರ್ಗದಲ್ಲಿ ಕಮ್ಮಿ ಇದಾವಾ?"

ನಿಜ ಹೇಳಬೇಕಂದರೆ ನಮ್ಮ ಏಳು ಸುತ್ತಿನ ಕೋಟೆ ನೋಡಿ ಬೆಳೆದವರಿಗೆ ಈ ಗೋಡೆ ಮೊದಲ ನೋಟಕ್ಕೆ ಏನೂ ಅನ್ನಿಸುವುದಿಲ್ಲ. ಎತ್ತರ ಇಲ್ಲ, ಬಂಡೆಗಳಿಲ್ಲ, ಓಬವ್ವನ ಕಿಂಡಿ ಇಲ್ಲ. ಹತ್ತಿರ ನಿಂತರೆ ಮಾತ್ರ ಬೇರೆ. ಅಡಿಯಲ್ಲಿ ಸಣ್ಣ ಸಣ್ಣ ಒರಟು ಕಲ್ಲು, ಅದು ಮೊದಲ ರಾಜನ ಕಾಲದ್ದು. ಇನ್ನೊಂದು ಕಡೆ ಅಂಚು ಸವೆದು ಗುಂಡಗಾದವು, ರಾಜ ಸೆಜೊಂಗ್ ಕಾಲದ 1422ರ ಕೆಲಸ. ಅದರ ಮೇಲೆ ಚೌಕಾಕಾರಕ್ಕೆ ಕಡಿದ ದೊಡ್ಡ ಕಲ್ಲು, ಅದು 1700ರ ನಂತರದ್ದು. ಅಪ್ಪ ಕನ್ನಡಕ ಏರಿಸಿ ಸಂದುಗಳನ್ನು ಬೆರಳಲ್ಲಿ ಮುಟ್ಟಿ ನೋಡುತ್ತಾ ಬಂದರು. ಗೈಡಮ್ಮ ಹೇಳೋಕೆ ಮೊದಲೇ "ಇದು ಬೇರೆ ಕೈ, ಇದು ಬೇರೆ ಕೈ" ಅನ್ನುತ್ತಿದ್ದರು. ಅವರು ಇಷ್ಟು ಖುಷಿಯಾಗಿದ್ದು ಅರಮನೆಯಲ್ಲಿ ಅಲ್ಲ, ಇಲ್ಲಿ.

ದೊಂಗ್‌ದೇಮುನ್ ಹತ್ತಿರ ಕೆಲವು ಕಲ್ಲಿನ ಮೇಲೆ ಅಕ್ಷರ ಕೆತ್ತಿದ್ದಾರೆ. ಹಳೇ ಚೀನೀ ಲಿಪಿ, ಗೈಡಮ್ಮ ಓದಿ ಹೇಳಿದರು. ಗೋಡೆಯನ್ನು 97 ತುಂಡು ಮಾಡಿ ಒಂದೊಂದು ಸೀಮೆಯ ಜನಕ್ಕೆ ಒಂದೊಂದು ಹಂಚಿದ್ದರಂತೆ. ಯಾವ ಸೀಮೆಯವರು ಕಟ್ಟಿದರು ಅನ್ನೋದು ಕಲ್ಲಿನ ಮೇಲಿದೆ. ಆಮೇಲಿನ ಕಾಲದಲ್ಲಿ ಮೇಲ್ವಿಚಾರಕ ಯಾರು, ಕಲ್ಲುಕುಟಿಗರ ಮೇಸ್ತ್ರಿ ಯಾರು ಅನ್ನೋದನ್ನೂ ಕೆತ್ತಿದರು. ಹೊಗಳೋಕಲ್ಲ. ಆ ಭಾಗ ಬಿದ್ದರೆ ಹಿಡಿದು ಕೇಳೋಕೆ.

ಅಪ್ಪ ಸುಮ್ನೆ ನಿಂತರು. ಆಮೇಲೆ ಕೂಲಿ ಎಷ್ಟು ಕೊಟ್ಟರು ಅಂತ ಕೇಳಿದರು. ಕೂಲಿ ಇಲ್ಲ, ಬಿಟ್ಟಿ ಕೆಲಸ, ಹೊಲದ ಕೆಲಸ ಇಲ್ಲದ ಚಳಿಗಾಲದಲ್ಲಿ ಲಕ್ಷಕ್ಕೂ ಜಾಸ್ತಿ ರೈತರನ್ನು ಎಳೆದು ತಂದರು, ತುಂಬಾ ಜನ ಸತ್ತರು ಅಂದರು ಗೈಡಮ್ಮ. ಅಪ್ಪ ತಲೆ ಆಡಿಸಿದರು.

ಅವರಿಗೇನೋ ನಮ್ಮದನ್ನೂ ತೋರಿಸಬೇಕು ಅನ್ನಿಸಿತು. ಫೋನ್ ತೆಗೆದು ನಮ್ಮ ಬೀದಿಗೆ ಆಗಿರುವ ಸಿಸಿ ರೋಡಿನ ಫೋಟೋ ಗೈಡಮ್ಮನ ಮುಂದೆ ಹಿಡಿದರು. ಬೆರಳು ಜಾರಿ ಮುಂದಿನ ಫೋಟೋ ಬಂತು, ಉದ್ಘಾಟನೆಯ ಕಲ್ಲು. ಕಪ್ಪು ಗ್ರಾನೈಟಿನ ಮೇಲೆ ಬಂಗಾರದ ಬಣ್ಣದ ಅಕ್ಷರ. ಮಗಳು ಇಣುಕಿದಳು. ಅವಳ ಅಮ್ಮ ಭಾನುವಾರ ಕೂರಿಸಿಕೊಂಡು ಕನ್ನಡ ಕಲಿಸುತ್ತಾಳೆ, ಕಣ್ಣಿಗೆ ಬಿದ್ದ ಕನ್ನಡವನ್ನೆಲ್ಲಾ ಜೋರಾಗಿ ಓದದೆ ಬಿಡುವುದಿಲ್ಲ. ಸನ್ಮಾನ್ಯ ಅಂದಳು, ಹೆಸರು ಓದಿದಳು. ಮತ್ತೆ ಸನ್ಮಾನ್ಯ. ಮತ್ತೆ. ಒಂದೊಂದನ್ನೂ ತಡವರಿಸಿ ಓದಿ ಮುಗಿಸಿ ಕೇಳಿದಳು:

"ಅಜ್ಜಾ, ಇಷ್ಟು ಜನ ಸೇರಿ ನಮ್ಮ ರೋಡ್ ಮಾಡಿದ್ರಾ? ಒಡೆದರೆ ಇವರೇ ಬಂದು ಕಟ್ತಾರಾ?"

ನನಗೆ ನಗು ತಡೆಯಲಾಗಲಿಲ್ಲ. ಅಪ್ಪನೂ ನಕ್ಕರು, ನಕ್ಕು ನಕ್ಕು ಕೆಮ್ಮು ಬಂತು. ಗೈಡಮ್ಮ ಏನಾಯಿತು ಅಂದರು, ಹೇಳಿದೆ. ಅವರೂ ನಕ್ಕು, ನಮ್ಮ ರಾಜಕಾರಣಿಗಳಿಗೂ ಕಲ್ಲು ಅಂದರೆ ಇಷ್ಟ ಅಂದರು. ಅಪ್ಪ ಮೊಮ್ಮಗಳಿಗೆ ವಿವರಿಸೋಕೆ ಹೋದರು. ಇಲ್ಲ ಪುಟ್ಟಿ, ಕಟ್ಟುವವರು ಬೇರೆ, ಕಂಟ್ರಾಕ್ಟರ್ ಅಂತ ಇರ್ತಾನೆ, ಇಂತಿಷ್ಟು ವರ್ಷ ಅವನದೇ ಹೊಣೆ, ಅವನ ಡೆಪಾಸಿಟ್ಟು ಹಿಡಿದಿರ್ತೀವಿ, ಅಳತೆ ಬರೆದು ಎಂ.ಬಿ. ಪುಸ್ತಕದಲ್ಲಿ ನಾವು ಸೈನ್ ಹಾಕಿರ್ತೀವಿ. "ಆ ಪುಸ್ತಕ ಎಲ್ಲಿದೆ?" ಅಂದಳು. "ಆಫೀಸಿನ ಬೀರುವಿನಲ್ಲಿ." "ಅಲ್ಲಿ ಯಾರು ಓದ್ತಾರೆ?"

ಅಪ್ಪ ಓಬವ್ವನ ಕಥೆಗೆ ಹಾರಿದರು. ಚಿತ್ರದುರ್ಗದವರಿಗೆ ಇದೊಂದು ಅನುಕೂಲ, ಯಾವ ಇಕ್ಕಟ್ಟಿನಿಂದಲೂ ಓಬವ್ವನ ಕಿಂಡಿಯಲ್ಲಿ ತೂರಿ ಹೊರಗೆ ಬರಬಹುದು. ಆದರೆ ಅವರು ಹೇಳಿದ್ದರಲ್ಲಿ ಒಂದು ಮಾತು ನನಗೆ ಹಿಡಿಸಿತು. "ಕಟ್ಟಿದವರ ಹೆಸರು ನಮ್ಮಲ್ಲಿ ಇಲ್ಲ, ಒಪ್ದೆ. ಆದರೆ ಬುರುಜು ಕಾಯೋನ ಹೆಂಡತಿ ಹೆಸರು ಊರಿಗೇ ಗೊತ್ತು. ಹೈದರಾಲಿ ಸೈನಿಕರು ಕಿಂಡಿಯಲ್ಲಿ ತೂರಿ ಬರುವಾಗ ಗಂಡ ಊಟಕ್ಕೆ ಕೂತಿದ್ದ, ಅವಳು ಒನಕೆ ಹಿಡಿದು ನಿಂತಳು. ಸ್ಟೇಡಿಯಂಗೆ ಅವಳ ಹೆಸರು, ನವೆಂಬರ್ 11ಕ್ಕೆ ಸರ್ಕಾರದಿಂದ ಜಯಂತಿ. ಇಲ್ಲಿ ಯಾವ ಕಾವಲುಗಾರನ ಹೆಂಡತಿ ಹೆಸರಿದೆ ಕೇಳು ಇವರನ್ನ." ಕೇಳಿದೆ. ಗೈಡಮ್ಮ ಸ್ವಲ್ಪ ಯೋಚಿಸಿ, ಇಲ್ಲ ಅಂದರು. ಅಪ್ಪನಿಗೆ ಅವತ್ತಿನ ಟೂರಿನ ದುಡ್ಡು ವಸೂಲಾಯಿತು. ದುಡ್ಡು ಎಷ್ಟು ಅಂತ ಗೊತ್ತಿಲ್ಲದಿದ್ದರೂ.

ಚಿಕ್ಕವನಿದ್ದಾಗ ಅಪ್ಪ ಬೆಳಗಿನ ವಾಕಿಂಗಿಗೆ ನನ್ನನ್ನು ಕೋಟೆಗೆ ಕರೆದುಕೊಂಡು ಹೋಗುತ್ತಿದ್ದರು. ಬೇರೆಯವರ ಅಪ್ಪಂದಿರು ಮದಕರಿ ನಾಯಕನ ಕಥೆ ಹೇಳುತ್ತಿದ್ದರು, ನಮ್ಮಪ್ಪ ಬಂಡೆಯ ತೂತು ತೋರಿಸುತ್ತಿದ್ದರು. ನಮ್ಮ ಬಂಡೆಗಳ ಮೇಲೆ ಒಂದೇ ಸಾಲಿನಲ್ಲಿ, ಒಂದೇ ಅಳತೆಯಲ್ಲಿ ಗುಳಿಗಳಿವೆಯಲ್ಲ, ಕಲ್ಲು ಸೀಳೋಕೆ ಬೆಣೆ ಹೊಡೆದವು. ನನ್ನ ಬೆರಳನ್ನು ಅದರೊಳಗೆ ಇಡಿಸಿ, ಎರಡು ಗುಳಿ ನಡುವೆ ಎಷ್ಟು ಗೇಣು ಅಳಿ ಅನ್ನುತ್ತಿದ್ದರು. ಕೆಲವು ಕಡೆ ಗುಳಿ ಹೊಡೆದಿದ್ದಾರೆ, ಬಂಡೆ ಸೀಳಿಲ್ಲ, ಕೆಲಸ ಅಲ್ಲಿಗೇ ನಿಂತಿದೆ. ಯಾಕೆ ನಿಲ್ಲಿಸಿದ್ರು ಅಂತ ನಾನು ಕೇಳುತ್ತಿದ್ದೆ. ಬಿಲ್ ಪಾಸಾಗಿರಲ್ಲ ಬಿಡು ಅನ್ನುತ್ತಿದ್ದರು.

ನಾವಿರುವ ಸುವೊನ್‌ನಲ್ಲೂ ಒಂದು ಕೋಟೆ ಇದೆ, ಹ್ವಾಸೊಂಗ್, 1794ರಿಂದ 1796ರೊಳಗೆ ಕಟ್ಟಿ ಮುಗಿಸಿದ್ದು. ಅದರ ಕೆಲಸದ ಪೂರ್ತಿ ಲೆಕ್ಕ 1801ರಲ್ಲಿ ಪುಸ್ತಕವಾಗಿ ಅಚ್ಚಾಗಿದೆ. ನಕ್ಷೆ, ಸಾಮಾನು, ಯಂತ್ರಗಳ ಚಿತ್ರ, ಕುಶಲಕರ್ಮಿಗಳ ಹೆಸರು, ಅವರು ಎಷ್ಟು ದಿನ ದುಡಿದರು, ಎಷ್ಟು ಕೂಲಿ, ಎಲ್ಲಾ. ಇಲ್ಲಿ ಬಿಟ್ಟಿ ಅಲ್ಲ, ದುಡ್ಡು ಕೊಟ್ಟು ಮಾಡಿಸಿದ್ದು. ಕೊರಿಯಾ ಯುದ್ಧದಲ್ಲಿ ಹಾಳಾದ ಕೋಟೆಯನ್ನು 1970ರ ದಶಕದಲ್ಲಿ ಆ ಪುಸ್ತಕ ನೋಡಿಕೊಂಡೇ ಮತ್ತೆ ಕಟ್ಟಿದರು, 1997ರಲ್ಲಿ ಯುನೆಸ್ಕೋ ಪಟ್ಟಿಗೂ ಸೇರಿತು. ಇದನ್ನು ಅಪ್ಪನಿಗೆ ಹೇಳಿದ್ದೇ ತಡ, "ಅಂದ್ರೆ ಇವರ ಎಂ.ಬಿ. ಪುಸ್ತಕ ಬೀರುವಿನಿಂದ ಹೊರಗೆ ಬಂತು ಅನ್ನು" ಅಂದರು. ಈಗ ಮ್ಯೂಸಿಯಂಗೆ ಕರೆದುಕೊಂಡು ಹೋಗು, ಕಲ್ಲು ಕೆಲಸದವನಿಗೆ ಎಷ್ಟು, ಬಡಗಿಗೆ ಎಷ್ಟು ನೋಡಬೇಕು ಅಂತ ಕೂತಿದ್ದಾರೆ. ಇನ್ನು ಕಲ್ಲು ಅಂದರೆ ನಾನು ಬರಲ್ಲ ಅಂತ ಅವ್ವ ಖಡಾಖಂಡಿತವಾಗಿ ಹೇಳಿದ್ದಾರೆ. ಅವರಿಗೆ ಇಲ್ಲಿಯವರು ಅಡುಗೆಗೆ ಬಳಸುವ ಕತ್ತರಿ ಬೇಕಂತೆ, ಸೊಪ್ಪು ಹೆಚ್ಚೋಕೆ.

ಆವತ್ತು ರಾತ್ರಿ ಮನೆಗೆ ಬಂದ ಮೇಲೆ ಅಪ್ಪ ನನಗೆ ಗೊತ್ತಿಲ್ಲದ ಒಂದು ವಿಷಯ ಹೇಳಿದರು. ಕೆಲಸಕ್ಕೆ ಸೇರಿದ ಹೊಸದರಲ್ಲಿ ಹೊಳಲ್ಕೆರೆ ಕಡೆ ಒಂದು ಹಳ್ಳಿ ರಸ್ತೆಗೆ ಮೋರಿ ಕಟ್ಟಿಸಿದ್ದರಂತೆ. ತಡೆಗೋಡೆಗೆ ಗಾರೆ ಮಾಡುತ್ತಿದ್ದ ಮೇಸ್ತ್ರಿ, ಸಾಹೇಬರು ಅತ್ತ ಹೋದ ಹೊತ್ತು ನೋಡಿ, ಹಸಿ ಸಿಮೆಂಟಿನ ಮೇಲೆ ಮೊಳೆಯಲ್ಲಿ ತನ್ನ ಹೆಸರು ಗೀಚಿದ್ದ. ರಸ್ತೆ ಕಡೆ ಅಲ್ಲ, ಹಳ್ಳದ ಕಡೆ. ಅಲ್ಲಿ ಇಳಿದು ನೋಡುವವರು ಇಂಜಿನಿಯರ್ ಒಬ್ಬರೇ. ಅಪ್ಪ ಇಳಿದಿದ್ದರು, ನೋಡಿದ್ದರು, ಏನೂ ಅನ್ನದೆ ಹತ್ತಿ ಬಂದಿದ್ದರು. "ಕೆಲಸ ಚೆನ್ನಾಗಿತ್ತು ಕಣೋ. ಏನು ಅನ್ನೋದು?"

ಆ ಮೋರಿ ಈಗ ಇದೆಯೋ, ರಸ್ತೆ ಅಗಲ ಮಾಡುವಾಗ ಹೋಯಿತೋ ಅವರಿಗೆ ಗೊತ್ತಿಲ್ಲ. ಚಿಕ್ಕಪ್ಪನ ಮಗನಿಗೆ ಬೈಕ್ ತಗೊಂಡು ಹೋಗಿ ಫೋಟೋ ಕಳಿಸು ಅಂದಿದ್ದಾರೆ. ಹುಣಸೇಮರ ದಾಟಿದ ಮೇಲೆ ಎಡಕ್ಕೆ, ಹಳ್ಳದ ಕಡೆಯಿಂದ ಇಳಿದು ನೋಡು ಅಂತ ವಾಟ್ಸಾಪಿನಲ್ಲಿ ನಕ್ಷೆ ಬೇರೆ ಬರೆದು ಕಳಿಸಿದ್ದಾರೆ. ಈ ಭಾನುವಾರ ಪಕ್ಕಾ ದೊಡ್ಡಪ್ಪ ಅನ್ನುತ್ತಾನೆ ಅವನು. ಪ್ರತಿ ಭಾನುವಾರ ಅವನಿಗೆ ಒಂದು ಮದುವೆ ಇರುತ್ತದೆ.